ಎಷ್ಟು ಎಲೆ ಹಾಕಬೇಕು? – ಮುನಿದ ಮನೆಮಂದಿ ಮತ್ತೆ ಸೇರುವ ಕಪ್ಪು ಹಾಸ್ಯದ ಚಿತ್ರವನ್ನು ಚಿಕ್ಕ ಬಜೆಟ್ಟಿನಲ್ಲಿ ಮಾಡುವ ಬಗೆ

ಹತ್ತು ಹದಿನೈದು ವರ್ಷ ಮಾತು ಬಿಟ್ಟ ಅಣ್ಣತಮ್ಮಂದಿರು, ಅಕ್ಕತಂಗಿಯರು ಒಂದು ಸಾವಿನ ನೆಪದಲ್ಲಿ ಹಳೆಯ ಮನೆಗೆ ಬಂದಿಳಿಯುತ್ತಾರೆ. ಚಿಕ್ಕ ದುಡ್ಡಿನಲ್ಲಿ ಸಿನಿಮಾ ಮಾಡಲು ಹೊರಟವರಿಗೆ ಇದಕ್ಕಿಂತ ಒಳ್ಳೆಯ ಕಥೆ ಸಿಗುವುದು ಕಷ್ಟ. ಒಂದು ಮನೆ, ಹತ್ತು ಜನ, ಮೂರು ದಿನ. ಹಾಡು, ಹೊಡೆದಾಟ, ವಿದೇಶದ ಬೀದಿ ಯಾವುದೂ ಬೇಕಿಲ್ಲ. ಆದರೆ ಬಹಳ ಜನ ಎಡವುವುದೂ ಇಲ್ಲಿಯೇ. ಅಂಥದ್ದೊಂದು ಚಿತ್ರವನ್ನು ನೆಂಟರ ಮನೆಯಲ್ಲಿ ಮಾಡಿ, ಅದರ ಅರ್ಧ ತಪ್ಪುಗಳನ್ನು ಎಡಿಟಿಂಗ್ ಕೋಣೆಯಲ್ಲಿ ಕಂಡುಕೊಂಡವನು ನಾನು. ಮತ್ತೆ ಮಾಡಿದರೆ ಯಾವ ಕ್ರಮದಲ್ಲಿ ಮಾಡುತ್ತೇನೋ ಆ ಕ್ರಮದಲ್ಲಿಯೇ ಬರೆಯುತ್ತಿದ್ದೇನೆ.

ಮೊದಲ ಹೆಜ್ಜೆ: ಎಲ್ಲರೂ ಬರಲೇಬೇಕಾದ ಕಾರಣ

'ಅಪ್ಪ ತೀರಿಕೊಂಡರು, ಎಲ್ಲರೂ ಬಂದರು' ಎಂಬುದು ಕಾರಣವಲ್ಲ. ನಿಜವಾಗಿ ಮುನಿಸಿಕೊಂಡವರು ಸಾವಿಗೂ ಬರುವುದಿಲ್ಲ, ಬಂದರೂ ಹೂವು ಹಾಕಿ ಅದೇ ಬಸ್ಸಿಗೆ ಹೊರಟುಬಿಡುತ್ತಾರೆ. ಬರದೆ ಇದ್ದರೆ ನಷ್ಟವಾಗುವಂಥದ್ದು ಏನಾದರೂ ಇರಬೇಕು. ನಮ್ಮ ಕಡೆ ಅದರ ಹೆಸರು ಸಹಿ.

ಇಲ್ಲಿ ಕಾನೂನು ಚಿತ್ರಕಥೆಗಾರನಿಗೆ ಪುಕ್ಕಟೆಯಾಗಿ ಕಥೆ ಕೊಡುತ್ತದೆ. ಪಿತ್ರಾರ್ಜಿತ ಅವಿಭಕ್ತ ಆಸ್ತಿಯಲ್ಲಿ ಹೆಣ್ಣುಮಕ್ಕಳಿಗೆ ಪಾಲು ಕೊಡುವ ಕರ್ನಾಟಕದ ತಿದ್ದುಪಡಿ 1994ರ ಜುಲೈ 30ರಿಂದ ಜಾರಿಗೆ ಬಂತು. ಆದರೆ ಅದಕ್ಕಿಂತ ಮೊದಲೇ ಮದುವೆಯಾಗಿದ್ದ ಹೆಣ್ಣುಮಕ್ಕಳು ಅದರ ಹೊರಗೆ ಉಳಿದರು. 2005ರ ಸೆಪ್ಟೆಂಬರ್ 9ರಿಂದ ಬಂದ ಕೇಂದ್ರದ ತಿದ್ದುಪಡಿ ಆ ಭೇದವನ್ನು ತೆಗೆದುಹಾಕಿತು, ಆದರೂ 2004ರ ಡಿಸೆಂಬರ್ 20ಕ್ಕಿಂತ ಮೊದಲು ಆದ ವಿಭಾಗಗಳನ್ನು ಮುಟ್ಟಲಿಲ್ಲ. 2020ರ ಆಗಸ್ಟ್ 11ರಂದು ಸುಪ್ರೀಂ ಕೋರ್ಟು, 2005ರಲ್ಲಿ ತಂದೆ ಬದುಕಿದ್ದರೋ ಇಲ್ಲವೋ ಎಂಬುದು ಮುಖ್ಯವಲ್ಲ, ಮಗಳ ಹಕ್ಕು ಹುಟ್ಟಿನಿಂದಲೇ ಬರುತ್ತದೆ ಎಂದಿತು. ಬಾಯಿಮಾತಿನಲ್ಲಿ ಪಾಲಾಯಿತು ಎಂಬ ವಾದವನ್ನು ಸಾಮಾನ್ಯವಾಗಿ ಒಪ್ಪಲಾಗದು ಎಂದೂ ಹೇಳಿತು.

ಈಗ ಒಂದು ಮನೆಯನ್ನು ಊಹಿಸಿಕೊಳ್ಳಿ. ಅಕ್ಕನ ಮದುವೆ 1992ರಲ್ಲಿ, ತಂಗಿಯದು 1996ರಲ್ಲಿ. ಹನ್ನೊಂದು ವರ್ಷ ಕಾನೂನಿನ ಕಣ್ಣಿನಲ್ಲಿ ಒಬ್ಬಳಿಗೆ ಪಾಲಿತ್ತು, ಇನ್ನೊಬ್ಬಳಿಗೆ ಇರಲಿಲ್ಲ. ಅಣ್ಣತಮ್ಮಂದಿರು 2003ರಲ್ಲಿ ಊರ ಹಿರಿಯರನ್ನು ಕೂರಿಸಿ ಒಂದು ಪಾಲುಪಟ್ಟಿ ಬರೆದುಕೊಂಡರು. ನೋಂದಣಿ ಮಾಡಿಸಲಿಲ್ಲ. ಆ ಕಾಗದಕ್ಕೆ ಬೆಲೆ ಇದೆಯೆಂದು ಅಣ್ಣ, ಇಲ್ಲವೆಂದು ಅಕ್ಕನ ಗಂಡ. ಈಗ ಮನೆ ಮಾರಬೇಕು, ಕೊಳ್ಳುವವನು ಎಲ್ಲರ ಸಹಿ ಕೇಳುತ್ತಿದ್ದಾನೆ. ಯಾರನ್ನೂ ದುಷ್ಟರನ್ನಾಗಿ ಮಾಡಬೇಕಿಲ್ಲ. ಎಲ್ಲರಿಗೂ ಸ್ವಲ್ಪ ಸ್ವಲ್ಪ ನ್ಯಾಯವಿದೆ, ಅದೇ ತೊಂದರೆ. ಈ ಭಾಗವನ್ನು ಬರೆದ ಮೇಲೆ ಸಿವಿಲ್ ವಕೀಲರೊಬ್ಬರಿಗೆ ತಪ್ಪದೆ ಓದಿಸಿ. ಅವರು ತಪ್ಪು ತಿದ್ದುವುದರ ಜೊತೆಗೆ, ತಾವು ಕಂಡ ನಾಲ್ಕು ಪ್ರಸಂಗಗಳನ್ನೂ ಹೇಳುತ್ತಾರೆ. ನಿಮ್ಮ ಕಲ್ಪನೆ ಅಷ್ಟು ದೂರ ಹೋಗುವುದಿಲ್ಲ.

ಎರಡನೆಯದು: ವಂಶವೃಕ್ಷ ಬರೆಯಿರಿ

ಪೌತಿ ಖಾತೆಗೆ, ಅಂದರೆ ಸತ್ತವರ ಹೆಸರಿನಲ್ಲಿದ್ದ ಜಮೀನನ್ನು ವಾರಸುದಾರರ ಹೆಸರಿಗೆ ಮಾಡಿಸಿಕೊಳ್ಳಲು, ಅರ್ಜಿ ಹಾಕಿದವರಿಗೆ ವಂಶವೃಕ್ಷ ಎಂದರೇನು ಎಂದು ಗೊತ್ತು. ಸತ್ತವರ ಹೆಸರು ಮೇಲೆ, ಕೆಳಗೆ ಹೆಂಡತಿ ಮಕ್ಕಳು, ಅವರ ವಯಸ್ಸು, ಬದುಕಿದ್ದಾರೆಯೇ ಇಲ್ಲವೇ. ಪಾತ್ರಗಳ ಪಟ್ಟಿಯನ್ನು ಇದೇ ನಮೂನೆಯಲ್ಲಿ ಒಂದು ಹಾಳೆಯ ಮೇಲೆ ಬರೆಯಿರಿ. ಪ್ರತಿ ಹೆಸರಿನ ಪಕ್ಕದಲ್ಲಿ ಮೂರು ಸಂಗತಿ ಇರಲಿ: ಈ ಮನೆಯಲ್ಲಿ ಕೊನೆಯ ಸಲ ಉಂಡದ್ದು ಯಾವಾಗ, ಯಾರೊಡನೆ ಮಾತಿಲ್ಲ, ಈ ಮನೆಯಿಂದ ಏನನ್ನು ಒಯ್ಯಲು ಬಂದಿದ್ದಾರೆ. ಮೂರನೆಯದು ದುಡ್ಡೇ ಆಗಬೇಕೆಂದಿಲ್ಲ. ಒಬ್ಬರಿಗೆ ಅಮ್ಮನ ಹಿತ್ತಾಳೆ ಕೊಳದಪ್ಪಲೆ, ಇನ್ನೊಬ್ಬರಿಗೆ ಒಂದು ಕ್ಷಮೆ. ಕೊಳದಪ್ಪಲೆಗಾಗಿ ನಡೆಯುವ ಜಗಳವೇ ಕ್ಷಮೆಗಾಗಿ ನಡೆಯುವುದಕ್ಕಿಂತ ಜೋರಾಗಿರುತ್ತದೆ.

ಈ ಹಾಳೆ ಕೊನೆಯವರೆಗೂ ಉಪಯೋಗಕ್ಕೆ ಬರುತ್ತದೆ. ವಂಶವೃಕ್ಷದಲ್ಲಿ ಅಳಿಯಂದಿರಿಗೂ ಸೊಸೆಯಂದಿರಿಗೂ ಸಾಮಾನ್ಯವಾಗಿ ಜಾಗವಿಲ್ಲ, ಆದರೆ ಜಗಳದಲ್ಲಿ ಅವರದೇ ದೊಡ್ಡ ಪಾಲು. ಹಾಗಾಗಿ ಅಂಚಿನಲ್ಲಿ ಅವರನ್ನೂ ಬರೆಯಿರಿ. ಷಡ್ಡಕರಿಬ್ಬರು ಜಗಲಿಯಲ್ಲಿ ಕುಳಿತು ಮಾವನ ಮನೆಯ ಬೆಲೆ ಕಟ್ಟುವುದು, ಓರಗಿತ್ತಿಯರು ಬಚ್ಚಲಿನ ಬಾಗಿಲಲ್ಲಿ ಒಂದೇ ಒಂದು ವಿಷಯಕ್ಕೆ ಒಮ್ಮತಕ್ಕೆ ಬರುವುದು – ಇಂಥ ಅಡ್ಡ ಸಂಬಂಧಗಳಲ್ಲಿ ಚಿತ್ರ ಉಸಿರಾಡುತ್ತದೆ.

ಮೂರು: ಬಾಗಿಲು ಹಾಕಿ

ಮೊದಲ ಜಗಳವಾದ ಕೂಡಲೇ ಪ್ರೇಕ್ಷಕ ಕೇಳುವ ಪ್ರಶ್ನೆ, 'ಇವರು ಎದ್ದು ಹೋಗಬಾರದೇ?' ಡೆನ್ಮಾರ್ಕಿನ ಥಾಮಸ್ ವಿಂಟರ್‌ಬರ್ಗ್ 1998ರಲ್ಲಿ ಮಾಡಿದ 'ಫೆಸ್ಟೆನ್' ಚಿತ್ರದಲ್ಲಿ ಅಪ್ಪನ ಅರುವತ್ತನೆಯ ಹುಟ್ಟುಹಬ್ಬಕ್ಕೆ ಸೇರಿದ ನೆಂಟರ ಮುಂದೆ ದೊಡ್ಡ ಮಗ ಎದ್ದು ನಿಂತು ಮನೆಯ ಅತಿ ಕೊಳಕು ಗುಟ್ಟನ್ನು ಹೇಳಿಬಿಡುತ್ತಾನೆ. ಆಗ ಅಡುಗೆಮನೆಯವರು ಅತಿಥಿಗಳ ಕಾರಿನ ಬೀಗದ ಕೈಗಳನ್ನು ಕದ್ದು ಬಚ್ಚಿಡುತ್ತಾರೆ. ಯಾರೂ ಹೊರಡುವಂತಿಲ್ಲ, ಊಟ ಮುಂದುವರಿಯಬೇಕು. ಎಂಥ ಸರಳ ಉಪಾಯ!

ನಮಗೆ ಬೀಗದ ಕೈ ಕದಿಯುವ ಅಗತ್ಯವೂ ಇಲ್ಲ. ಸೂತಕವಿದೆ, ಮಳೆಗಾಲದಲ್ಲಿ ಕುಸಿಯುವ ಘಾಟಿಯಿದೆ. ನನಗೆ ಎಲ್ಲಕ್ಕಿಂತ ಪ್ರಿಯವಾದದ್ದು ಸರ್ವರ್. ಶುಕ್ರವಾರ ಮಧ್ಯಾಹ್ನ ಎಲ್ಲರೂ ಉಪನೋಂದಣಿ ಕಚೇರಿಯಲ್ಲಿ ಸಾಲುಗಟ್ಟಿ ಕುಳಿತಿರುವಾಗ ಸರ್ವರ್ ಕೈಕೊಡುತ್ತದೆ. ನಾಳೆ ಎರಡನೇ ಶನಿವಾರ, ನಾಡಿದ್ದು ಭಾನುವಾರ. ಇನ್ನು ಸೋಮವಾರವೇ. ಬೆಂಗಳೂರಿಗೆ ಹೋಗಿ ಮತ್ತೆ ಬರುವುದಕ್ಕೆ ಯಾರಿಗೂ ಮನಸ್ಸಿಲ್ಲ, ಲಾಡ್ಜಿಗೆ ಹೋದರೆ ಊರು ಆಡಿಕೊಳ್ಳುತ್ತದೆ. ಮೂರು ರಾತ್ರಿ ಒಂದೇ ಸೂರಿನಡಿ. ನಿಮ್ಮ ಕಥೆಯ ಗಡಿಯಾರ ಅಲ್ಲಿಂದಲೇ ಓಡತೊಡಗುತ್ತದೆ. ನೀವು ಆರಿಸಿಕೊಂಡ ತಾಲ್ಲೂಕಿನ ಕಚೇರಿಯ ರಜೆಗಳನ್ನು ಮಾತ್ರ ಮೊದಲೇ ವಿಚಾರಿಸಿಕೊಳ್ಳಿ. ತಪ್ಪಿದರೆ ಮೊದಲ ಪ್ರದರ್ಶನದಲ್ಲಿಯೇ ಯಾರಾದರೂ ಎದ್ದು ಹೇಳುತ್ತಾರೆ.

ನಾಲ್ಕು: ನಗು ಎಲ್ಲಿಂದ ಬರಬೇಕು

ಇದರ ಮೇಲೆ ಉಳಿದೆಲ್ಲವೂ ನಿಂತಿದೆ, ಆದ್ದರಿಂದ ನಿಧಾನವಾಗಿ ಹೇಳುತ್ತೇನೆ. ಇದು ಹಾಸ್ಯದ ಚಿತ್ರವೆಂಬುದು ಅದರೊಳಗಿನ ಯಾರಿಗೂ ಗೊತ್ತಿರಬಾರದು. ಚುರುಕಾಗಿ ಮಾತನಾಡುವ ಒಬ್ಬ ಸೋದರಮಾವನನ್ನು ಇಟ್ಟು ಅವನ ಬಾಯಿಂದ ನಗೆಚಟಾಕಿ ಹೇಳಿಸಿದರೆ ಅದು ಹಾಸ್ಯವೇನೋ ಹೌದು, ಕಪ್ಪು ಹಾಸ್ಯವಲ್ಲ. ಕಪ್ಪು ಹಾಸ್ಯ ಹುಟ್ಟುವುದು ಮನುಷ್ಯರ ದುಃಖಕ್ಕೂ ಮನೆಯ ಕಟ್ಟುಕಟ್ಟಳೆಗೂ ಡಿಕ್ಕಿಯಾದಾಗ. ದುಃಖಕ್ಕೆ ಹೊತ್ತುಗೊತ್ತಿಲ್ಲ. ಕಟ್ಟಳೆಗೆ ಪಟ್ಟಿ ಇದೆ, ಲೆಕ್ಕ ಇದೆ, ಹನ್ನೆರಡು ಗಂಟೆಯೊಳಗೆ ಮುಗಿಯಬೇಕು ಎಂಬ ಅವಸರವಿದೆ.

ನನ್ನ ಮೊದಲ ಕರಡಿನಲ್ಲಿ ಒಂದು ದೃಶ್ಯ ಹೀಗಿತ್ತು. ಅಣ್ಣತಮ್ಮಂದಿರು ಜಗಳವಾಡುತ್ತಾರೆ. ತಮ್ಮ, 'ನಿನ್ನ ಮನೆಯ ಅನ್ನ ನನಗೆ ವಿಷ' ಎನ್ನುತ್ತಾನೆ. ಅಣ್ಣ ತಿರುಗಿ ಇನ್ನೂ ಮೊನಚಾದ ಮಾತೊಂದನ್ನು ಎಸೆಯುತ್ತಾನೆ. ಓದಿದಾಗ ಚೆನ್ನಾಗಿಯೇ ಇತ್ತು. ಅಭ್ಯಾಸದಲ್ಲಿ ನಟರು ಆಡಿದಾಗ ಧಾರಾವಾಹಿಯಂತೆ ಕೇಳಿಸಿತು. ಆಗ ಅಡುಗೆ ಭಟ್ಟರನ್ನು ಬಾಗಿಲಲ್ಲಿ ನಿಲ್ಲಿಸಿದೆವು. ಮಾತುಗಳು ಅವೇ ಉಳಿದವು. ತಮ್ಮ ಚೀರುತ್ತಾನೆ, ಅಣ್ಣ ಎದೆ ಬಡಿದುಕೊಳ್ಳುತ್ತಾನೆ, ಅಕ್ಕ ಅಳುತ್ತಾಳೆ. ಭಟ್ಟರು ಕೈಯಲ್ಲಿ ಚೀಟಿ ಹಿಡಿದು ಕಾದು ನಿಂತು, ಸದ್ದು ಇಳಿದ ಮೇಲೆ ಕೇಳುತ್ತಾರೆ: 'ಹಾಗಾದರೆ ನಲವತ್ತು ಎಲೆಯೋ, ಮೂವತ್ತೆಂಟೋ?' ಅವರಿಗೆ ಯಾರ ಮೇಲೂ ಕೋಪವಿಲ್ಲ, ಅಕ್ಕಿ ಅಳೆಯಬೇಕಾಗಿದೆ, ಅಷ್ಟೇ. ಅಣ್ಣ ಮೂಗು ಒರೆಸಿಕೊಂಡು, 'ನಲವತ್ತೇ ಹಾಕಿ' ಎನ್ನುತ್ತಾನೆ. ಆ ಎರಡು ಶಬ್ದದಲ್ಲಿ ಸೋಲೂ ಇತ್ತು, ಅಂತಃಕರಣವೂ ಇತ್ತು. ಹೊಸದಾಗಿ ಯಾವ ಸಂಭಾಷಣೆಯನ್ನೂ ಬರೆಯದೆ ಅದು ಬಂತು.

ಹೀಗಾಗಿ ಚಿತ್ರಕಥೆಯ ಪ್ರತಿ ದೃಶ್ಯದ ಎದುರಿಗೆ ಬರೆದುಕೊಳ್ಳಿ: ಇಲ್ಲಿ ಯಾವ ಕೆಲಸ ನಡೆಯುತ್ತಿದೆ? ಎಲೆ ಎಣಿಸುವುದು, ಗ್ಯಾಸ್ ಸಿಲಿಂಡರ್ ಬದಲಿಸುವುದು, ಅಪ್ಪನ ಮೊಬೈಲಿನ ಸಂಖ್ಯೆ ಬ್ಯಾಂಕಿನಲ್ಲಿ ಬದಲಿಸುವುದು, ಹಾಲಿನವನ ಬಾಕಿ ತೀರಿಸುವುದು. ಕೆಲಸವಿಲ್ಲದೆ ಮಾತು ಮಾತ್ರ ಇರುವ ದೃಶ್ಯವನ್ನು ಕಿತ್ತುಹಾಕಿ.

ಒಂದು ಬೇಡಿಕೆ. ಪಿಂಡಕ್ಕೆ ಕಾಗೆ ಬಾರದ ದೃಶ್ಯವನ್ನು ದಯವಿಟ್ಟು ಬಿಟ್ಟುಬಿಡಿ. ಎಲ್ಲರೂ ತೆಗೆದಿದ್ದಾರೆ, ಕಾಗೆಗಳಿಗೂ ಸಾಕಾಗಿರಬೇಕು.

ಕಟ್ಟಳೆಯ ವಿವರಗಳನ್ನು ಮಾತ್ರ ಊಹೆಯಿಂದ ಬರೆಯಬೇಡಿ. ಒಂದೇ ಊರಿನಲ್ಲಿ ಒಂದು ಮನೆಯವರದು ಹನ್ನೊಂದನೆಯ ದಿನ, ಪಕ್ಕದವರದು ಹದಿಮೂರು. ಒಬ್ಬರದು ಈರುಳ್ಳಿಯೂ ಇಲ್ಲದ ಅಡುಗೆ, ಇನ್ನೊಬ್ಬರಲ್ಲಿ ಮರಿ ಕಡಿಯದೆ ತಿಥಿಯೇ ಇಲ್ಲ. ನಮ್ಮ ಚಿತ್ರೀಕರಣದ ಎರಡನೆಯ ದಿನ ಮನೆಯ ಅಜ್ಜಿ ಬಂದು, 'ಸೂತಕದ ಮನೆಯಲ್ಲಿ ಸಾರಿಗೆ ಒಗ್ಗರಣೆ ಹಾಕುತ್ತಾರೇನಪ್ಪ?' ಎಂದು ಕೇಳಿದರು. ಅವರ ಪೈಕಿ ಹಾಕುವುದಿಲ್ಲ. ಚಟಪಟ ಸದ್ದಿನ ಆ ಒಗ್ಗರಣೆಯನ್ನು ನಾವು ಹತ್ತಿರದಿಂದ, ಬಹಳ ಪ್ರೀತಿಯಿಂದ ತೆಗೆದಿದ್ದೆವು. ಪೂರ್ತಿ ಬಿಸಾಡಬೇಕಾಯಿತು. ರಾಮ್ ರೆಡ್ಡಿಯವರ 'ತಿಥಿ' 2015ರಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ಪ್ರಶಸ್ತಿ ಪಡೆದು, ಮರುವರ್ಷ ನಮ್ಮ ಚಿತ್ರಮಂದಿರಗಳಿಗೂ ಬಂದು ಜನರನ್ನು ನಗಿಸಿತು. ಅದನ್ನು ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನಲ್ಲಿ, ವೃತ್ತಿನಟರಲ್ಲದ ಹಳ್ಳಿಯವರನ್ನೇ ಇಟ್ಟುಕೊಂಡು ತೆಗೆದರು. ಬರವಣಿಗೆಯಲ್ಲಿ ಜೊತೆಗಿದ್ದವರು ಈರೇಗೌಡರು. ಅಲ್ಲಿ ಯಾರೂ ನಗಿಸಲು ಹೊರಟವರಂತೆ ಕಾಣುವುದಿಲ್ಲ. ಅಜ್ಜ ಸತ್ತಿದ್ದಾನೆ, ತಿಥಿ ಮಾಡಬೇಕು, ಜಮೀನು ಮಾರಬೇಕು, ಮರಿ ತರಬೇಕು. ಎಲ್ಲರೂ ತಮ್ಮ ತಮ್ಮ ಕೆಲಸದಲ್ಲಿ ಮುಳುಗಿದ್ದಾರೆ.

ಐದು: ಮನೆ ಹಿಡಿಯುವುದು

ಮನೆಯನ್ನು ಚಿತ್ರಕಥೆಯ ಎರಡನೆಯ ಕರಡಿಗಿಂತ ಮೊದಲೇ ಗೊತ್ತುಮಾಡಿ. ಬಚ್ಚಲು ಎಲ್ಲಿದೆ, ಅಡುಗೆಮನೆಯಿಂದ ಜಗಲಿ ಕಾಣುತ್ತದೆಯೇ, ಅಟ್ಟದ ಮೇಲೆ ನಿಂತವರಿಗೆ ಕೆಳಗಿನ ಮಾತು ಕೇಳುತ್ತದೆಯೇ – ಇವನ್ನು ನೋಡಿಕೊಂಡು ದೃಶ್ಯಗಳನ್ನು ತಿದ್ದಿ ಬರೆಯಬೇಕು. ಗೋಡೆಯ ಆಚೆ ಕೇಳಬಾರದವರು ಕೇಳಿಸಿಕೊಳ್ಳುವುದು ಈ ಬಗೆಯ ಚಿತ್ರದ ಜೀವಾಳ.

ಮನೆಯಲ್ಲಿ ಒಂದು ಹಗಲು ಒಂದು ರಾತ್ರಿ ಸುಮ್ಮನೆ ಕುಳಿತು ಕಿವಿಗೊಡಿ. ಪಕ್ಕದಲ್ಲಿ ಮರದ ಮಿಲ್ಲು ಇದೆಯೇ, ದೇವಸ್ಥಾನದ ಧ್ವನಿವರ್ಧಕ ಎಷ್ಟು ಹೊತ್ತಿಗೆ ಶುರುವಾಗುತ್ತದೆ, ಮಳೆಗೆ ತಗಡಿನ ಮಾಡು ಎಷ್ಟು ಕೂಗುತ್ತದೆ. ನಾವು ಕಣ್ಣಿಗೆ ಚೆಂದ ಕಂಡ ಮನೆ ಹಿಡಿದೆವು. ಬೆಳಿಗ್ಗೆ ಎಂಟಕ್ಕೆ ಎದುರಿನ ಹಿಟ್ಟಿನ ಗಿರಣಿ ಆರಂಭವಾದಾಗ ಬುದ್ಧಿ ಬಂತು.

ಬಾಡಿಗೆ ಕೊಡದೆ ನೆಂಟರ ಮನೆಯನ್ನೇ ಬಳಸಿದರೂ ಕರಾರು ಬರೆಸಿಕೊಳ್ಳಿ: ಎಷ್ಟು ದಿನ, ಯಾವ ಯಾವ ಕೋಣೆ, ಏನಾದರೂ ಒಡೆದರೆ ಯಾರು ತುಂಬಿಕೊಡಬೇಕು, ಮರುಚಿತ್ರೀಕರಣಕ್ಕೆ ಎರಡು ದಿನ. ಬಾಯಿಮಾತಿನ ಪಾಲಿನಿಂದ ಒಡೆದ ಸಂಸಾರದ ಕಥೆ ತೆಗೆಯಲು ಹೊರಟವರು ಬಾಯಿಮಾತಿನ ಮೇಲೆ ಮನೆ ಹಿಡಿದರೆ ಹೇಗೆ?

ಸರ್ಕಾರಿ ಕಚೇರಿಯೊಳಗೆ ಚಿತ್ರೀಕರಣಕ್ಕೆ ಅನುಮತಿ ಪಡೆಯುವುದು ದೀರ್ಘ ಕೆಲಸ. ಉಪನೋಂದಣಿ ಕಚೇರಿಯನ್ನು ಇದೇ ಮನೆಯ ಹೊರಕೋಣೆಯಲ್ಲಿ ಕಟ್ಟಬಹುದು. ಒಂದು ಮೇಜು, ಕಂಪ್ಯೂಟರ್, ಹೆಬ್ಬೆಟ್ಟು ಒತ್ತುವ ಯಂತ್ರ, ಮುಖದ ಫೋಟೊ ತೆಗೆಯುವ ಪುಟ್ಟ ಕ್ಯಾಮೆರಾ ಸಾಕು. ಆ ಕ್ಯಾಮೆರಾವನ್ನು ಮರೆಯಬೇಡಿ. ವರ್ಷಾನುಗಟ್ಟಲೆ ಒಟ್ಟಿಗೆ ಫೋಟೊ ತೆಗೆಸಿಕೊಳ್ಳದವರ ಮುಖಗಳೆಲ್ಲ ಕೊನೆಗೆ ಒಂದೇ ಪತ್ರದಲ್ಲಿ ಮೇಲೆ ಕೆಳಗೆ ಅಚ್ಚಾಗಿ ಬರುತ್ತವೆ.

ಆರು: ನಟರು

ಹೆಸರಾಂತ ಹಾಸ್ಯನಟರನ್ನು ಹಾಕಿಕೊಳ್ಳಬೇಡಿ. ಅವರು ಕೆಟ್ಟ ನಟರೆಂದಲ್ಲ. ತೆರೆಯ ಮೇಲೆ ಬಂದ ತಕ್ಷಣ ಪ್ರೇಕ್ಷಕರು ನಗಲು ಸಿದ್ಧರಾಗುತ್ತಾರೆ, ಅಲ್ಲಿಗೆ ನಿಮ್ಮ ಕೆಲಸ ಕೆಟ್ಟಿತು. ಹೆಗ್ಗೋಡಿನ ನೀನಾಸಂ, ಮೈಸೂರಿನ ರಂಗಾಯಣಗಳಲ್ಲಿ ಪಳಗಿದವರು, ಊರೂರುಗಳ ಹವ್ಯಾಸಿ ತಂಡದವರು ನಮ್ಮಲ್ಲಿ ಬೇಕಾದಷ್ಟಿದ್ದಾರೆ. ರಂಗಭೂಮಿಯವರಿಗೆ ಹೇಳಬೇಕಾದದ್ದು ಒಂದೇ: ಹಿಂದಿನ ಸಾಲಿಗೆ ಕೇಳಿಸಬೇಕಾಗಿಲ್ಲ.

ಅಭ್ಯಾಸವನ್ನು ಮನೆಯಲ್ಲಿಯೇ ಮಾಡಿಸಿ. ಮೊದಲೆರಡು ದಿನ ಸಂಭಾಷಣೆ ಕೊಡಬೇಡಿ. ಒಟ್ಟಿಗೆ ಅಡುಗೆ ಮಾಡಲಿ, ಹಾಸಿಗೆ ಹಂಚಿಕೊಳ್ಳಲಿ. ಅಣ್ಣತಮ್ಮಂದಿರಾಗಿ ನಟಿಸುವವರು ಒಬ್ಬರನ್ನೊಬ್ಬರು ಏನೆಂದು ಕರೆಯುತ್ತಾರೆಂದು ಅಲ್ಲಿ ತಾನಾಗಿ ತೀರ್ಮಾನವಾಗುತ್ತದೆ. ಮಾತು ಬಿಟ್ಟ ಅಣ್ಣನನ್ನು ತಮ್ಮ ಹೆಸರಿನಿಂದಲೂ ಕರೆಯುವುದಿಲ್ಲ, 'ಅಣ್ಣ' ಎಂದೂ ಅನ್ನುವುದಿಲ್ಲ, 'ನಿಮ್ಮ ಯಜಮಾನರಿಗೆ ಹೇಳಿ' ಎಂದು ಅತ್ತಿಗೆಯ ಮೂಲಕ ಮಾತನಾಡಿಸುತ್ತಾನೆ. ನಮಗೆ ಇದನ್ನು ಕೊಟ್ಟವನು ಒಬ್ಬ ನಟ. ಬರೆಯುವಾಗ ನನಗೆ ಹೊಳೆದಿರಲಿಲ್ಲ.

ಏಳು: ಲೆಕ್ಕ

ತೊಂಬತ್ತು ಪುಟದ ಚಿತ್ರಕಥೆ, ದಿನಕ್ಕೆ ಐದು ಪುಟ, ಹದಿನೆಂಟು ದಿನ. ಒಂದೇ ಮನೆಯಾದ್ದರಿಂದ ಇದು ಸಾಧ್ಯ. ಆದಷ್ಟೂ ಕಥೆಯ ಕ್ರಮದಲ್ಲಿಯೇ ತೆಗೆಯಿರಿ. ನಟರ ದಣಿವೂ ಕಿರಿಕಿರಿಯೂ ದಿನದಿಂದ ದಿನಕ್ಕೆ ನಿಜವಾಗಿಯೇ ಏರುತ್ತವೆ, ಅದನ್ನು ದುಡ್ಡು ಕೊಟ್ಟರೂ ಕೊಳ್ಳಲಾಗದು. ಹದಿನೆಂಟರ ಮೇಲೆ ಎರಡು ದಿನ ಕೈಯಲ್ಲಿರಲಿ.

ಬಜೆಟ್ಟಿನಲ್ಲಿ ಮೊದಲ ಸಾಲು ಊಟ. ಯೂನಿಟ್ಟಿನಲ್ಲಿ ಇಪ್ಪತ್ತು ಜನರೆಂದರೆ ಹದಿನೆಂಟು ದಿನಕ್ಕೆ ಮೂರು ಹೊತ್ತಿನಂತೆ 1,080 ಊಟ, ಕಾಫಿ ತಿಂಡಿ ಬೇರೆ. ತೆರೆಯ ಮೇಲಿನ ಊಟದ ಲೆಕ್ಕವೂ ಬೇರೆ: ಹನ್ನೆರಡು ಎಲೆಯ ಪಂಕ್ತಿಯನ್ನು ಆರು ಟೇಕ್ ತೆಗೆದರೆ ಎಪ್ಪತ್ತೆರಡು ಎಲೆ ಬಡಿಸಬೇಕು. ಆಮೇಲೆ ಬಾಟಾ (ದಿನಭತ್ಯೆ), ಪ್ರಯಾಣ, ಕ್ಯಾಮೆರಾ ಬಾಡಿಗೆ, ಶಬ್ದ, ಹಾರ್ಡ್ ಡಿಸ್ಕ್. ದಿನದ ಚಿತ್ರೀಕರಣವನ್ನು ಅಂದೇ ಮೂರು ಪ್ರತಿ ಮಾಡಿ, ಒಂದನ್ನು ಬೇರೆ ಮನೆಯಲ್ಲಿಡಿ. ಒಟ್ಟು ದುಡ್ಡಿನಲ್ಲಿ ಮೂರರಲ್ಲೊಂದು ಭಾಗವನ್ನು ಚಿತ್ರೀಕರಣದ ನಂತರದ ಕೆಲಸಕ್ಕೆಂದು ಮೊದಲೇ ಎತ್ತಿಡುವುದು ನನ್ನ ಈಗಿನ ನಿಯಮ. ಎಡಿಟಿಂಗಿನ ಹೊತ್ತಿಗೆ ಖಾತೆ ಖಾಲಿಯಾಗಿ ನಿಂತುಹೋದ ಚಿತ್ರಗಳನ್ನು ಕಂಡಿದ್ದೇನೆ.

ಎಂಟು: ಶಬ್ದ, ಬೆಳಕು, ಪಂಕ್ತಿ

ಕ್ಯಾಮೆರಾಕ್ಕಿಂತ ಶಬ್ದಕ್ಕೆ ಹೆಚ್ಚು ಖರ್ಚು ಮಾಡಿ. ಹತ್ತು ಜನ ಒಬ್ಬರ ಮಾತಿನ ಮೇಲೊಬ್ಬರು ಬಿದ್ದು ಆಡುವ ಜಗಳವನ್ನು ಡಬ್ಬಿಂಗಿನಲ್ಲಿ ಮತ್ತೆ ಹುಟ್ಟಿಸಲಾಗದು. ಉದ್ದ ಕೋಲಿನ ತುದಿಗೆ ಕಟ್ಟಿದ ಬೂಮ್ ಮೈಕಿನ ಜೊತೆಗೆ ಪ್ರತಿಯೊಬ್ಬರಿಗೂ ಬಟ್ಟೆಯೊಳಗೆ ಮೈಕ್ ಇರಲಿ. ಅಂಗಿಯಿಲ್ಲದೆ ಶಲ್ಯ ಹೊದ್ದ ಗಂಡಸರಿಗೆ ಎಲ್ಲಿ ಅಡಗಿಸುವುದೆಂದು ಮೊದಲೇ ಯೋಚಿಸಿ. ಫ್ರಿಜ್ಜು, ಫ್ಯಾನು ಆರಿಸಿ. ಪ್ರತಿ ಕೋಣೆಯಲ್ಲಿಯೂ ಎಲ್ಲರೂ ಇರುವಾಗಲೇ ಒಂದು ನಿಮಿಷದ ಬರಿಯ ಮೌನವನ್ನು ಧ್ವನಿಮುದ್ರಿಸಿಕೊಳ್ಳಿ. ಮಾತಿನ ನಡುವಿನ ಬಿರುಕುಗಳನ್ನು ತುಂಬುವುದು ಇದೇ.

ನಮ್ಮ ವಿದ್ಯುತ್ತು 50 ಹರ್ಟ್ಸ್‌ನದು. ಸೆಕೆಂಡಿಗೆ 24 ಫ್ರೇಮ್ ತೆಗೆಯುವಾಗ ಶಟರ್ ಅನ್ನು ಐವತ್ತರಲ್ಲೊಂದು ಸೆಕೆಂಡಿಗೆ ಇಡಿ, ಇಲ್ಲದಿದ್ದರೆ ಹಳೆಯ ಟ್ಯೂಬ್‌ಲೈಟುಗಳ ಬೆಳಕು ತೆರೆಯ ಮೇಲೆ ಮಿಡಿಯಬಹುದು. ಆ ಟ್ಯೂಬ್‌ಲೈಟುಗಳನ್ನು ತೆಗೆದುಹಾಕಬೇಡಿ. ಸಾವಿನ ಮನೆಯ ರಾತ್ರಿಗೆ ಆ ಬಿಳಿಚು ಬೆಳಕೇ ಸರಿ.

ಪಂಕ್ತಿಯ ಊಟ ತೆಗೆಯುವಾಗ ಟ್ರೈಪಾಡ್ ಎತ್ತರವಾಗುತ್ತದೆ. ನೆಲದ ಮೇಲೆ ಕುಳಿತವರ ಕಣ್ಣಿನ ಮಟ್ಟ ಎರಡು, ಎರಡೂವರೆ ಅಡಿ. ಅಲ್ಲಿಗೆ ಇಳಿಸಿ. ಎದುರುಬದುರು ಎರಡು ಸಾಲು, ನಡುವೆ ಬಡಿಸುವವರ ಕಾಲುಗಳು. ಇದೊಂದು ಚೌಕಟ್ಟಿನಲ್ಲಿಯೇ ಚಿತ್ರ ಪೂರ್ತಿ ಇದೆ: ಸಿಟ್ಟಿನಲ್ಲಿ ಎದುರಿನವನನ್ನು ನುಂಗುವಂತೆ ನೋಡುತ್ತಿರುವಾಗ ಅಡ್ಡಬರುವ ಪಾಯಸದ ಬಕೆಟ್ಟು. ಎಲೆಯ ಮೇಲೆ ಯಾವುದು ಎಷ್ಟು ಉಳಿದಿತ್ತೆಂದು ಪ್ರತಿ ಟೇಕಿನ ನಂತರ ಮೊಬೈಲಿನಲ್ಲಿ ಫೋಟೊ ತೆಗೆದುಕೊಳ್ಳಲು ಒಬ್ಬರನ್ನು ನೇಮಿಸಿ. ಅವರಿಗೆ ಬೇರೆ ಯಾವ ಕೆಲಸವನ್ನೂ ಹೇಳಬೇಡಿ.

ಎಡಿಟಿಂಗ್

ನಗು ಬಂದ ಮೇಲೆ ಕಟ್ ಮಾಡಬೇಕೆನ್ನಿಸುತ್ತದೆ. ಬೇಡ. ಭಟ್ಟರ ಪ್ರಶ್ನೆಯ ನಂತರ ಅಣ್ಣನ ಮುಖದ ಮೇಲೆ ಇನ್ನೂ ನಾಲ್ಕು ಸೆಕೆಂಡು ನಿಲ್ಲಿ. ನಕ್ಕವರಿಗೆ ನಕ್ಕದ್ದಕ್ಕೆ ಸ್ವಲ್ಪ ಕಸಿವಿಸಿಯಾಗಬೇಕು. ಇಲ್ಲಿ ನಗಬೇಕು ಎಂದು ತೋರಿಸಿಕೊಡುವ ಟಿಂಗ್ ಟಿಂಗ್ ಸಂಗೀತವನ್ನು ಹಾಕಿದರೆ ಇಷ್ಟು ಹೊತ್ತು ಮಾಡಿದ್ದೆಲ್ಲ ನೀರುಪಾಲು.

ಕಾಗದಪತ್ರ

ಇವು ಬೇಸರದ ಕೆಲಸಗಳು, ಬೇಗ ಹೇಳಿಬಿಡುತ್ತೇನೆ. ಶೀರ್ಷಿಕೆಯನ್ನು ಕರ್ನಾಟಕ ಚಲನಚಿತ್ರ ವಾಣಿಜ್ಯ ಮಂಡಳಿಯಲ್ಲಿ ಮೊದಲೇ ನೋಂದಾಯಿಸಿ. ಹಸು, ನಾಯಿ, ಮರಿ ಯಾವುದೇ ಪ್ರಾಣಿ ನಟಿಸುವುದಿದ್ದರೆ ಪ್ರಾಣಿ ಕಲ್ಯಾಣ ಮಂಡಳಿಯ ಒಪ್ಪಿಗೆ ಚಿತ್ರೀಕರಣಕ್ಕೆ ಮೊದಲೇ ಬೇಕು, ಆಮೇಲೆ ಓಡಾಡಿದರೆ ಪ್ರಯೋಜನವಿಲ್ಲ. ದೊಡ್ಡಪ್ಪ ಬೀಡಿ ಸೇದಿದರೆ ತಂಬಾಕಿನ ಎಚ್ಚರಿಕೆ ಹಾಕಬೇಕು, ಆದ್ದರಿಂದ ಬೀಡಿ ನಿಜಕ್ಕೂ ಬೇಕೇ ಎಂದು ಯೋಚಿಸಿ. ಸೆನ್ಸಾರ್ ಮಂಡಳಿಯ ಪ್ರಾದೇಶಿಕ ಕಚೇರಿ ಬೆಂಗಳೂರಿನಲ್ಲಿದೆ, ಅರ್ಜಿ ಆನ್‌ಲೈನಿನಲ್ಲಿ. 2024ರ ನಿಯಮಗಳಿಂದ, ಮಕ್ಕಳು ದೊಡ್ಡವರ ಮಾರ್ಗದರ್ಶನದಲ್ಲಿ ನೋಡಬಹುದೆನ್ನುವ ಯುಎ ಪ್ರಮಾಣಪತ್ರ 7, 13, 16 ವಯಸ್ಸಿನ ಮೂರು ಮೆಟ್ಟಿಲಾಗಿದೆ. ಬೆಂಗಳೂರು ಚಿತ್ರೋತ್ಸವದಲ್ಲಿ ಕನ್ನಡ ಚಿತ್ರಗಳಿಗೇ ಒಂದು ಸ್ಪರ್ಧೆಯಿದೆ. ಚಿತ್ರ ಅರ್ಧಕ್ಕೆ ಬಂದಿದ್ದಾಗ ದುಡ್ಡು, ಸಲಹೆ ಹುಡುಕುವವರಿಗೆ ನವೆಂಬರಿನಲ್ಲಿ ಗೋವೆಯಲ್ಲಿ ಎನ್ಎಫ್‌ಡಿಸಿ (ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ) ನಡೆಸುವ ಫಿಲ್ಮ್ ಬಜಾರ್, ಈಗಿನ ಹೆಸರಿನಲ್ಲಿ ವೇವ್ಸ್ ಫಿಲ್ಮ್ ಬಜಾರ್, ಒಳ್ಳೆಯ ಜಾಗ.

ಕೊನೆಯದು: ಅಡಿಬರಹ (ಸಬ್‌ಟೈಟಲ್)

ಇದನ್ನು ಕೊನೆಯ ವಾರಕ್ಕೆ ತಳ್ಳಬೇಡಿ. ನಮ್ಮ ಭಾವ, ಮೈದುನ, ಷಡ್ಡಕ ಮೂವರೂ ಇಂಗ್ಲಿಷಿನಲ್ಲಿ ಒಂದೇ ಶಬ್ದವಾಗಿಬಿಡುತ್ತಾರೆ. ಹೊರಗಿನ ಪ್ರೇಕ್ಷಕರಿಗೆ ಯಾರು ಯಾರ ಮೇಲೆ ಕೂಗುತ್ತಿದ್ದಾರೆಂದೇ ತಿಳಿಯದು. ಸಂಬಂಧದ ಬದಲು ಹೆಸರುಗಳನ್ನು ಬಳಸಿ, ಮೊದಲು ಬರೆದ ವಂಶವೃಕ್ಷವನ್ನು ಅನುವಾದಕರ ಮುಂದೆ ಇಡಿ. ನಮ್ಮ ಚಿತ್ರದಲ್ಲಿ 'ಉಂಡು ಹೋಗು' ಎಂಬ ಮಾತು ಮೂರು ಸಲ ಬರುತ್ತದೆ. ಅಕ್ಕ ತಮ್ಮನಿಗೆ ಹೇಳುವಾಗ ಅದು ಬೇಡಿಕೆ, ಅಣ್ಣ ಹೇಳುವಾಗ ಅಪ್ಪಣೆ. ಸೋಮವಾರ ಸಹಿಯಾದ ಮೇಲೆ, ಬಾಗಿಲಲ್ಲಿ ಚೀಲ ಹಿಡಿದು ನಿಂತ ಭಾವನಿಗೆ ಅತ್ತಿಗೆ ಹೇಳುವಾಗ ಇನ್ನು ಈ ಕಡೆ ಬರಬೇಡಿ ಎಂದರ್ಥ. ಆ ಮೂರು ಸಾಲಿಗೆ ಒಂದು ಪೂರ್ತಿ ಮಧ್ಯಾಹ್ನ ಹಿಡಿಯಿತು, ಮೂರನೆಯದು ಇನ್ನೂ ಸರಿಯಾಗಿಲ್ಲ.